ಜನಾಭಿಪ್ರಾಯದ ಸಮೀಕ್ಷೆಗಳನ್ನು ಎಷ್ಟರ ಮಟ್ಟಿಗೆ ನಂಬತಕ್ಕದ್ದು?

ಚುನಾವಣೆಯು ಸಮೀಪಿಸಿದಾಗಲೆಲ್ಲ ಇಂಥ ಪಕ್ಷವು ಇಷ್ಟು ಸ್ಥಾನಗಳನ್ನು ಗೆಲ್ಲುವದೆಂದು ಮುಂಗಡವಾಗಿ ಸಾರುವ ಸಮೀಕ್ಷೆಗಳು ನಮ್ಮ ಹತ್ತಿಕುಣಿಯ ಮನೆಗಳಿಗೂ ತಲಪುತ್ತವೆ. ಕೆಲವರು ಅವನ್ನು ಪ್ರವಾದನೆಯಂತೆ ನಂಬುವರು. ಕೆಲವರು ಗಿಳಿಶಾಸ್ತ್ರವೆಂದು ನಗುವರು. ಎರಡೂ ಸರಿಯಲ್ಲವೆಂದು ನಮ್ಮ ಎಣಿಕೆ.

ಗಡಿಗೆಯ ಅನ್ನವು ಬೆಂದಿತೋ ಎಂದು ತಿಳಿಯುವದಕ್ಕೆ ಒಂದೆರಡು ಅಗುಳುಗಳನ್ನು ಹಿಚುಕಿ ನೋಡಿದರೆ ಸಾಕು. ಆದರೆ ಮೊದಲು ಸವುಟಿನಿಂದ ಚೆನ್ನಾಗಿ ತಿರುವಿರಬೇಕು. ಸಮೀಕ್ಷೆಯ ಮರ್ಮವೂ ಇದೇ. ಚೀಟಿ ಎತ್ತಿದಂತೆ ಪಕ್ಷಪಾತವಿಲ್ಲದೆ ಆರಿಸಿದ ಸಾವಿರ ಮಂದಿಯನ್ನು ಕೇಳಿದರೆ, ಬಂದ ಉತ್ತರವು ಸಾಮಾನ್ಯವಾಗಿ ನೂರಕ್ಕೆ ಮೂರರಷ್ಟು ಹೆಚ್ಚುಕಡಮೆಯೊಳಗೆ ನಿಜವಾಗಿರುವದೆಂದು ಗಣಿತವು ತೋರಿಸುತ್ತದೆ. ತಿರುವದ ಗಡಿಗೆಯಿಂದ ಎಷ್ಟು ಅಗುಳು ತೆಗೆದರೂ ಫಲವಿಲ್ಲ. ೧೯೩೬ರಲ್ಲಿ ಅಮೇರಿಕದ ಲಿಟರರಿ ಡೈಜೆಸ್ಟ್ ಪತ್ರಿಕೆಯು ಇಪ್ಪತ್ತು ಲಕ್ಷಕ್ಕೂ ಮಿಕ್ಕಿದ ಉತ್ತರಗಳನ್ನು ಕೂಡಿಸಿ, ರೂಜ್‌ವೆಲ್ಟರು ಸೋಲುವರೆಂದಿತು. ಅವರಾದರೋ ೪೮ ಸಂಸ್ಥಾನಗಳಲ್ಲಿ ೪೬ನ್ನು ಗೆದ್ದರು. ಯಾಕಂದರೆ ಪತ್ರಿಕೆಯು ಬಹುಮಟ್ಟಿಗೆ ಟೆಲಿಫೋನು, ಮೋಟಾರುಗಳುಳ್ಳವರ ಪಟ್ಟಿಗಳನ್ನು ಹಿಡಿದು ಕಾಗದ ಬರೆದಿತ್ತು. ಉತ್ತರ ಕೊಡಲು ಮನಸ್ಸುಳ್ಳವರು ಮಾತ್ರ ಕೊಟ್ಟಿದ್ದರು.

ನಮ್ಮ ರಾಜ್ಯದಲ್ಲಿ ಇನ್ನೊಂದು ತೊಡಕುಂಟು: ಮತಗಳ ಲೆಕ್ಕ ಬೇರೆ, ಸ್ಥಾನಗಳ ಲೆಕ್ಕ ಬೇರೆ. ೨೦೧೮ರ ಮೇ ತಿಂಗಳಲ್ಲಿ ಕಾಂಗ್ರೆಸ್ಸಿಗೆ ನೂರಕ್ಕೆ ಸುಮಾರು ೩೮, ಭಾರತೀಯ ಜನತಾ ಪಕ್ಷಕ್ಕೆ ಸುಮಾರು ೩೬ ಮತಗಳು ಬಂದಾಗ್ಯೂ, ಸ್ಥಾನಗಳು ಮೊದಲನೆಯದಕ್ಕೆ ೭೮, ಎರಡನೆಯದಕ್ಕೆ ೧೦೪ ದೊರೆತವು. ೨೦೨೩ರಲ್ಲಿ ಮತ ಹಾಕಿ ಬಂದವರನ್ನೇ ವಿಚಾರಿಸಿದ ಹಲವು ಸಂಸ್ಥೆಗಳು ಯಾರಿಗೂ ಬಹುಮತ ಬಾರದೆಂದು ಹೇಳಿದವು. ಕಾಂಗ್ರೆಸ್ಸು ೨೨೪ರಲ್ಲಿ ೧೩೫ನ್ನು ಗೆದ್ದಿತು. ನಿಜಕ್ಕೆ ಹತ್ತಿರವಾಗಿ ಹೇಳಿದವುಗಳೂ ಇದ್ದವು.

ಆದಕಾರಣ ಯಾರನ್ನು, ಎಷ್ಟು ಮಂದಿಯನ್ನು, ಯಾವಾಗ, ಹೇಗೆ ಆರಿಸಿ ಕೇಳಿದರೆಂದೂ, ಆ ಕೆಲಸಕ್ಕೆ ಹಣ ಕೊಟ್ಟವರಾರೆಂದೂ ವಿಚಾರಿಸಿದ ಮೇಲೆಯೇ ಸಮೀಕ್ಷೆಯನ್ನು ನಂಬತಕ್ಕದ್ದು. ಬಸ್ ನಿಲ್ದಾಣದಲ್ಲಿ ನಿಂತು ಕೇಳುವವನಿಗೆ ಹೊಲದಲ್ಲಿ ಕಳೆ ತೆಗೆಯುವವಳೂ, ದುಡಿಯಲು ಬೆಂಗಳೂರಿಗೆ ಹೋದವನೂ ಸಿಕ್ಕರು. ಮನೆಬಾಗಲಿಗೆ ಬಂದು ಕೇಳಿದರೂ, ಹೆಂಗಸರಿಗೆ ಹಾಕಿದ ಪ್ರಶ್ನೆಗೆ ಗಂಡಸರು ಉತ್ತರ ಕೊಡುವದುಂಟು. ಆಗ ಒಬ್ಬನ ಅಭಿಪ್ರಾಯವು ಎರಡಾಗಿ ಎಣಿಸಲ್ಪಡುತ್ತದೆ; ಅವಳದು ಇಲ್ಲವಾಗುತ್ತದೆ.

ಈ ಶಾಲೆಯಲ್ಲಿ ಓದಿದ ಹೆಣ್ಣುಮಕ್ಕಳೇ, ನಿಮ್ಮ ಮತವು ಗುಪ್ತವಾದದ್ದು; ಹೇಳಲೊಲ್ಲೆನೆನ್ನಲು ನಿಮಗೆ ಅಧಿಕಾರವುಂಟು. ಹೇಳುವದಾದರೆ ನಿಮ್ಮ ಬಾಯಿಂದಲೇ ಹೇಳಿರಿ. ಪೋಷಕರಾದ ತಾವೂ ಮಕ್ಕಳಿಗೆ ಬಂದ ಪ್ರಶ್ನೆಯನ್ನು ಅವರಿಗೇ ಬಿಟ್ಟುಕೊಡಬೇಕೆಂದು ಬೇಡುತ್ತೇವೆ.