ಬೂಸಾನಿನ ಅಡುಗೆಮನೆಯಲ್ಲಿ ಹೆಮುಲ್‌ತಾಂಗ್

ಬೋಗುಣಿಗೆ ಮುಚ್ಚಿದ ಕಪ್ಪು ಚೀಲವನ್ನು ತುಸು ಸರಿಸಿ ಇಣುಕಿ ನೋಡಿ. ಉಪ್ಪುನೀರಿನಲ್ಲಿ ಮುಳುಗಿದ ಮರುವಾಯಿಗಳು ಚಿಪ್ಪು ಅರೆತೆರೆದು, ಬೆಳ್ಳನೆಯ ಪುಟ್ಟ ಕೊಳವೆಗಳನ್ನು ಹೊರಚಾಚಿ ಪಿಚಕ್ ಪಿಚಕ್ ಎಂದು ನೀರು ಚಿಮ್ಮುತ್ತಿವೆ. ತಳದಲ್ಲಿ ಬೂದು ಮರಳಿನ ತೆಳು ಪದರ ಆಗಲೇ ಕೂತಿದೆ. ಕತ್ತಲೆಯೂ ಕಡಲಿನಷ್ಟೇ ಉಪ್ಪೂ ಇದ್ದರೆ ಮಾತ್ರ ಇವು ಹೊಟ್ಟೆಯ ಮರಳು ಕಾರಿಕೊಳ್ಳುತ್ತವೆ. ಲೀಟರು ನೀರಿಗೆ 30 ಗ್ರಾಂ ಉಪ್ಪು ಹಾಕಿ, ಎರಡು ಮೂರು ತಾಸು ಕಾಯಬೇಕು. ಈ ಕಾಯುವಿಕೆ ತಪ್ಪಿದರೆ ಹೆಮುಲ್‌ತಾಂಗ್ ಎಂಬ ಈ ಕಡಲಾಹಾರದ ಸಾರಿನ ತುತ್ತು ತುತ್ತಿಗೂ ಹಲ್ಲಿಗೆ ಮರಳು.

ಮನೆಯಾಕೆ ಬೆಳಿಗ್ಗೆಯೇ ಜಗಾಲ್ಚಿ ಮೀನು ಮಾರುಕಟ್ಟೆಗೆ ಹೋಗಿ ಬಂದಿದ್ದಾರೆ. ಒದ್ದೆ ನೆಲ, ರಬ್ಬರಿನ ಬೂಟು, ಮೊಣಕೈವರೆಗಿನ ಕೈಗವಸು, ತೊಟ್ಟಿಗಳಿಗೆ ಸದಾ ಸುರಿಯುವ ಕಡಲನೀರಿನ ಸದ್ದು, ಇವುಗಳ ನಡುವೆ ಗಿರಾಕಿಗಳನ್ನು ಕೂಗಿ ಕರೆಯುವ ಹೆಂಗಸರೇ ಅಲ್ಲಿನ ಒಡತಿಯರು. 1950–53ರ ಕೊರಿಯಾ ಯುದ್ಧದಲ್ಲಿ ನಿರಾಶ್ರಿತರಾಗಿ ಬಂದವರಲ್ಲಿ ಅನೇಕ ಹೆಣ್ಣುಮಕ್ಕಳು ಇಲ್ಲಿ ಮೀನು ಮಾರಿಯೇ ಸಂಸಾರ ಸಾಕಿದರು. ಈಗ ಶರತ್ಕಾಲ. ಜೂನ್ ಕೊನೆಯಿಂದ ಆಗಸ್ಟ್‌ವರೆಗಿನ ನಿಷೇಧ ಮುಗಿದು ಏಡಿ ಹಿಡಿಯುವ ದೋಣಿಗಳು ಮತ್ತೆ ಕಡಲಿಗಿಳಿದಿವೆ, ಗಂಡು ಏಡಿಗಳು ಮಾಂಸ ತುಂಬಿಕೊಂಡಿವೆ. ಆಕೆ ಏಡಿಯನ್ನು ಬ್ರಷ್ಷಿನಿಂದ ಗಸಗಸ ಉಜ್ಜಿ, ಮೇಲಿನ ಚಿಪ್ಪು ಕಿತ್ತು, ಕಿವಿರು ತೆಗೆದು ನಾಲ್ಕು ತುಂಡು ಮಾಡುತ್ತಾರೆ. ಚಿಪ್ಪಿನೊಳಗೆ ಅಂಟಿದ ಹಳದಿ ರಸವನ್ನು ಮಾತ್ರ ಬೆರಳಲ್ಲಿ ಬಳಿದು ಜೋಪಾನವಾಗಿ ಎತ್ತಿಡುತ್ತಾರೆ.

ಒಲೆಯ ಮೇಲೆ ಒಣ ಕೊಲ್ಲತರು ಮೀನು ಎಣ್ಣೆಯಿಲ್ಲದೆ ಹುರಿಯುತ್ತಿದೆ. ಕಹಿಯಾಗದಂತೆ ತಲೆ, ಕರುಳು ಮೊದಲೇ ತೆಗೆದಾಗಿದೆ. ಹಸಿ ವಾಸನೆ ಹೋಗಿ ಘಮ ಬಂದ ಕೂಡಲೇ ನೀರು, ಜೊತೆಗೆ ಅಂಗೈಯಗಲದ ದಶಿಮಾ ಎಂಬ ಕಡಲಕಳೆ. ನೀರು ಕುದಿ ಹಿಡಿದು ಸ್ವಲ್ಪ ಹೊತ್ತಿಗೇ ಕಳೆಯನ್ನು ಹೊರತೆಗೆಯುತ್ತಾರೆ. ಬಿಟ್ಟರೆ ಸಾರು ಲೋಳೆಯಾಗುತ್ತದೆ. ನನ್ನನ್ನು ಕೇಳಿದರೆ ಈ ಅಡುಗೆಯ ಜೀವ ಇರುವುದು ಈ ತಿಳಿನೀರಿನಲ್ಲಿಯೇ. ಮೇಲೆ ಬೀಳುವ ಕೆಂಪು ಅದನ್ನು ಮುಚ್ಚಬಾರದು, ಎತ್ತಿಹಿಡಿಯಬೇಕು.

ಆ ಕೆಂಪು ಗೊಚುಗಾರು, ಬಿಸಿಲಿನಲ್ಲಿ ಒಣಗಿಸಿ ಬೀಜ ತೆಗೆದು ತರಿತರಿಯಾಗಿ ಪುಡಿ ಮಾಡಿದ ಮೆಣಸಿನಕಾಯಿ. ನಮ್ಮ ಬ್ಯಾಡಗಿಯಂತೆ ಬಣ್ಣ ಹೆಚ್ಚು, ಉರಿ ಕಡಿಮೆ. ಎರಡು ನಾಡಿಗೂ ಮೆಣಸಿನಕಾಯಿ ಕಡಲು ದಾಟಿ ಬಂದ ಅತಿಥಿಯೇ: ನಮಗೆ ಪೋರ್ಚುಗೀಸರು ತಂದರು, ಕೊರಿಯಾದ ವಿದ್ವಾಂಸ ಯೀ ಸು-ಗ್ವಾಂಗ್ ಅದು ಜಪಾನಿನಿಂದ ಬಂತೆಂದು 1614ರಲ್ಲಿ ಬರೆದಿಟ್ಟಿದ್ದಾರೆ. ಪುಡಿಗೆ ಜಜ್ಜಿದ ಬೆಳ್ಳುಳ್ಳಿ, ಶುಂಠಿ, ಸಾರಿನ ಸೋಯಾ ಸಾಸ್, ತುಸು ಹುದುಗಿಸಿದ ಸೋಯಾ ಪೇಸ್ಟ್, ಒಂದು ಗುಟುಕು ಅಕ್ಕಿಯ ಮದ್ಯ. ಕಲಸಿಟ್ಟ ಮಸಾಲೆ ರಸ ಹೀರಿ ಉಬ್ಬುತ್ತ ಕಡುಗೆಂಪಾಗುತ್ತದೆ.

“ಅಮ್ಮಾ, ಖಾರ ಸಾಕಲ್ವಾ?”

“ಇನ್ನೊಂದು ಚಮಚ ಹಾಕೇ, ಮೂಲಂಗಿ ಸಿಹಿ ಬಿಡುತ್ತೆ.”

ಅಗಲ ಬಾಯಿಯ ಪಾತ್ರೆಗೆ ಮೊದಲು ಬೀಳುವುದೂ ಆ ಮೂಲಂಗಿಯೇ. ಅದು ಗಾಜಿನಂತೆ ಪಾರದರ್ಶಕವಾದ ಮೇಲೆ ಏಡಿ ಮತ್ತು ಮಸಾಲೆ. ನೊರೆ ಉಕ್ಕಿದಾಗಲೆಲ್ಲ ಸೌಟಿನಿಂದ ತೆಗೆಯುತ್ತಲೇ ಇರಬೇಕು. ಆಮೇಲೆ ಸೋಯಾ ಕಾಳಿನ ಮೊಳಕೆ, ಸಿಗಡಿ, ಮರುವಾಯಿ. ಮುಚ್ಚಳದಡಿ ಟಕ್ ಟಕ್ ಎಂದು ಚಿಪ್ಪುಗಳು ಬಾಯಿ ಬಿಡುವ ಸದ್ದು. ಬಾಯಿ ಬಿಡದವನ್ನು ಆಕೆ ಹಿಂದುಮುಂದು ನೋಡದೆ ಎಸೆಯುತ್ತಾರೆ. ಬೊಂಡಾಸಿಗೆ ಕೊನೆಯ ಎರಡು ನಿಮಿಷ, ಅಷ್ಟೇ, ಮೀರಿದರೆ ರಬ್ಬರು. ಒಲೆ ಆರಿಸುವ ಹೊತ್ತಿಗೆ ಮಿನಾರಿ ಸೊಪ್ಪು, ಸೇವಂತಿಗೆಯ ಬಳಗದ ಸುಕ್ಕಾತ್ ಸೊಪ್ಪು. ಸೇವಂತಿಗೆ ಎಲೆಯನ್ನು ಹೊಸಕಿ ಮೂಸಿದವರಿಗೆ ಆ ಪರಿಮಳ ಹೊಸದಲ್ಲ.

ಪಾತ್ರೆಯನ್ನು ಊಟದ ಮೇಜಿನ ಪುಟ್ಟ ಗ್ಯಾಸ್ ಒಲೆಗೆ ಎತ್ತಿಡುತ್ತಾರೆ, ಅಲ್ಲಿಯೂ ಅದು ಕುದಿಯುತ್ತಲೇ ಇರುತ್ತದೆ. ಏಡಿಯ ಕಾಲು ಕಡಿಯುವ ಸದ್ದು, ಮೂಗೊರೆಸುವ ಸದ್ದಿನ ನಡುವೆ ಚಿಪ್ಪುಗಳ ರಾಶಿ ಏರುತ್ತದೆ. ಅಜ್ಜ ಸಾರು ಸುರಿದುಕೊಂಡು ಬೆವರುತ್ತ “ಹಾ” ಎನ್ನುತ್ತಾರೆ. ತಳದಲ್ಲಿ ಒಂದಿಷ್ಟು ಕೆಂಪು ರಸ ಉಳಿಯುತ್ತಿದ್ದಂತೆ ಮಗಳು ನೂಡಲ್ಸ್ ಬೇಕೆನ್ನುತ್ತಾಳೆ, ಅಜ್ಜ ಅನ್ನವೇ ಆಗಬೇಕೆನ್ನುತ್ತಾರೆ. ಗೆದ್ದದ್ದು ಅನ್ನ. ಎಳ್ಳೆಣ್ಣೆ, ಪುಡಿ ಮಾಡಿದ ಕಡಲಪಾಚಿ ಸೇರಿಸಿ ಆಕೆ ಅದನ್ನು ಪಾತ್ರೆಯ ತಳಕ್ಕೆ ಒತ್ತಿ ಹರಡಿ ಉರಿ ಜೋರು ಮಾಡಿದ್ದಾರೆ. ಸೀಕು ಕಟ್ಟುವ ಮೊದಲೇ ನಾಲ್ಕು ಚಮಚಗಳು ಪಾತ್ರೆಗಿಳಿದಿವೆ.