ರಂಗದ ನಗೆ ಬೆಳ್ಳಿತೆರೆಗೆ

ಗುರುವಾಯನಕೆರೆಯ ಸುತ್ತಮುತ್ತ ಮಳೆಗಾಲ ಕಳೆಯಿತೆಂದರೆ ಯಕ್ಷಗಾನದ ಆಟಗಳ ಕಾಲ ಮೊದಲಾಗುತ್ತದೆ. ಹಾಸ್ಯಗಾರನ ಪ್ರವೇಶಕ್ಕಾಗಿ ಮಕ್ಕಳು ನಿದ್ದೆಗಣ್ಣಿನಲ್ಲಿಯೂ ಕಾದು ಕುಳಿತಿರುತ್ತಾರೆ. ಅವನ ಮಾತನ್ನು ಯಾರೂ ಬರೆದುಕೊಟ್ಟಿರುವುದಿಲ್ಲ. ಎದುರಿಗಿರುವ ಜನರ ಮುಖಭಾವವನ್ನು ಅರಿತು ಅವನು ಮಾತು ಕಟ್ಟುತ್ತಾನೆ. ಒಂದು ನಗೆ ಅಡಗುವವರೆಗೆ ಕಾದು ಇನ್ನೊಂದನ್ನು ಎಬ್ಬಿಸುತ್ತಾನೆ. ಹಾಸ್ಯವೆಂಬುದು ನಟನೂ ಪ್ರೇಕ್ಷಕನೂ ಕೂಡಿ ಮಾಡುವ ಕೆಲಸ. ಹೀಗಿರುವಾಗ, ಪ್ರೇಕ್ಷಕನೇ ಇಲ್ಲದ ಕಡೆ ಹಾಸ್ಯ ಹುಟ್ಟೀತೆ? ಕನ್ನಡ ವಾಕ್ಚಿತ್ರದ ಶೈಶವದಲ್ಲಿ ನಮ್ಮ ರಂಗನಟರ ಮುಂದೆ ನಿಂತ ಪ್ರಶ್ನೆ ಇದು.

ಭಾರತದ ಮೊದಲ ವಾಕ್ಚಿತ್ರ ‘ಆಲಂ ಆರಾ’ 1931ರಲ್ಲಿ ತೆರೆಕಂಡಿತು. ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ 1934ರಲ್ಲಿ ಬಂದಿತು. ಅದೇ ವರ್ಷ ‘ಭಕ್ತ ಧ್ರುವ’ವೂ ಬಂದಿತು. ಇವೆರಡೂ ಪುರಾಣದ ಕಥೆಗಳು. ಅನಂತರ 1935ರಲ್ಲಿ ಬಂದ ‘ಸದಾರಮೆ’ಯ ಬಗೆಯೇ ಬೇರೆ. ಅದು ಘಟ್ಟದ ಮೇಲಿನ ಕಂಪನಿ ನಾಟಕಗಳಲ್ಲಿ ಜನರನ್ನು ನಗಿಸಿ ನಗಿಸಿ ಹೆಸರಾಗಿದ್ದ ಕಥೆ.

ತುಮಕೂರು ಜಿಲ್ಲೆಯ ಗುಬ್ಬಿಯಲ್ಲಿ 1884ರಲ್ಲಿ ಹುಟ್ಟಿದ ನಾಟಕ ಕಂಪನಿಯನ್ನು ನಾಡಿನುದ್ದಕ್ಕೂ ಪ್ರಸಿದ್ಧಿಗೆ ತಂದವರು ಗುಬ್ಬಿ ವೀರಣ್ಣನವರು. ಬೆಳ್ಳಾವೆ ನರಹರಿ ಶಾಸ್ತ್ರಿಗಳು ಬರೆದ ‘ಸದಾರಮೆ’ ನಾಟಕದಲ್ಲಿ ವೀರಣ್ಣನವರ ಕಳ್ಳನ ಪಾತ್ರ ಮನೆಮಾತಾಗಿತ್ತು. ವರ್ತಕನ ಮಗಳಾದ ಸದಾರಮೆ ರಾಜಕುಮಾರನ ಕೈಹಿಡಿದು ನಾನಾ ವಿಪತ್ತುಗಳಿಗೆ ಸಿಲುಕುತ್ತಾಳೆ. ಕಳ್ಳನ ಕೈಗೆ ಸಿಕ್ಕಿದರೂ ಜಾಣ್ಮೆಯಿಂದ ಪಾರಾಗುತ್ತಾಳೆ. ಜಾಣನೆಂದು ಬೀಗುವ ಕಳ್ಳನೇ ಬೇಸ್ತು ಬೀಳುವುದರಲ್ಲಿ ನಾಟಕದ ನಗೆಯಿದೆ. ರಾಜಾ ಚಂದ್ರಶೇಖರರ ನಿರ್ದೇಶನದಲ್ಲಿ ಈ ಕಥೆ ಚಿತ್ರವಾದಾಗ ವೀರಣ್ಣ, ಕೆ. ಅಶ್ವತ್ಥಮ್ಮ, ಬಿ. ಜಯಮ್ಮ ಮೊದಲಾದವರು ಅಭಿನಯಿಸಿದರು.

ರಂಗದ ಮೇಲಿನ ನಟನಿಗೆ ಚಿತ್ರೀಕರಣದ ಅಂಗಳ ಹೊಸ ಲೋಕ. ರಂಗದಲ್ಲಿ ಹಾಡು ಮೆಚ್ಚಿಗೆಯಾದರೆ ಜನರು ‘ಒನ್ಸ್ ಮೋರ್’ ಎಂದು ಕೂಗುತ್ತಿದ್ದರು; ನಟನು ಮತ್ತೆ ಹಾಡುತ್ತಿದ್ದನು. ಚಿತ್ರೀಕರಣದಲ್ಲಿ ಕೂಗುವವರಿಲ್ಲ, ಬದಲಾಗಿ, ಕೆಮ್ಮಿದರೂ ಮೈಕು ಅದನ್ನು ಹಿಡಿದೀತೆಂಬ ಭಯ! ಹಿನ್ನೆಲೆ ಗಾಯನದ ಪದ್ಧತಿ ಬೇರೂರುವ ಮೊದಲು ನಟರು ಅಭಿನಯಿಸುತ್ತಲೇ ಹಾಡಬೇಕಾಗಿತ್ತು; ವಾದ್ಯಗಾರರು ಕ್ಯಾಮೆರಾದ ಕಣ್ಣಿಗೆ ಬೀಳದಂತೆ ಕುಳಿತು ನುಡಿಸಬೇಕಾಗಿತ್ತು. ಎಲ್ಲಕ್ಕಿಂತ ಕಷ್ಟವಾದುದು ನಗೆಯ ಲೆಕ್ಕ. ಜನರು ಎಲ್ಲಿ ನಕ್ಕಾರು, ಎಷ್ಟು ಹೊತ್ತು ನಕ್ಕಾರು ಎಂಬುದನ್ನು ನಟನು ಮೊದಲೇ ಊಹಿಸಬೇಕು. ಊಹೆ ತಪ್ಪಿದರೆ ಮುಂದಿನ ಮಾತು ನಗೆಯಲ್ಲಿ ಮುಳುಗಿಹೋಗುತ್ತದೆ. ಇಲ್ಲವೇ ನಡುವೆ ಬರಿಯ ಮೌನ ಉಳಿಯುತ್ತದೆ. ಅಲ್ಲಿ ಕೈಹಿಡಿದದ್ದು ರಂಗದ ಅನುಭವ. ನೂರಾರು ರಾತ್ರಿ ಜನರನ್ನು ನಗಿಸಿದವನ ಕಿವಿಯಲ್ಲಿ, ಎದುರಿಗೆ ಜನರಿಲ್ಲದಾಗಲೂ ಅವರ ನಗೆ ಕೇಳಿಸುತ್ತಿರುತ್ತದೆ.

ಚಲನಚಿತ್ರದಿಂದ ಲಾಭವೂ ಆಯಿತು. ಕಂಪನಿ ಒಂದು ರಾತ್ರಿ ಒಂದೇ ಊರಿನಲ್ಲಿ ಆಡಬಲ್ಲದು. ಚಿತ್ರವಾದರೋ ಏಕಕಾಲಕ್ಕೆ ಹಲವು ಊರುಗಳಲ್ಲಿ ಓಡಬಲ್ಲದು. ದೂರ ಕುಳಿತವನಿಗೂ ನಟನ ಹುಬ್ಬಿನ ಚಲನೆ ಕಾಣುತ್ತದೆ. ಆದರೆ ಚಿತ್ರದಲ್ಲಿ ಸೆರೆಹಿಡಿದುದೆಲ್ಲ ಶಾಶ್ವತವೆಂದು ತಿಳಿಯಬಾರದು. ‘ಸತಿ ಸುಲೋಚನಾ’ದ ಒಂದು ಪ್ರತಿಯೂ ಇಂದು ಉಳಿದಿಲ್ಲ. ಒಂದು ರಾತ್ರಿಗೆ ಮುಗಿಯಿತೆನ್ನಿಸುವ ನಾಟಕವಾದರೋ ಮತ್ತೆ ಮತ್ತೆ ಹುಟ್ಟಿಬಂದಿತು. ವೀರಣ್ಣನವರು 1972ರಲ್ಲಿ ಕಾಲವಾದರು. ಅನಂತರ ಅವರ ಮೊಮ್ಮಗಳು ಬಿ. ಜಯಶ್ರೀ ‘ಸದಾರಮೆ’ಯನ್ನು ಮರಳಿ ರಂಗಕ್ಕೆ ತಂದು, ಕಳ್ಳನ ಪಾತ್ರವನ್ನು ತಾವೇ ವಹಿಸಿ ಹೊಸ ತಲೆಮಾರನ್ನು ನಗಿಸಿದರು.

ಯಂತ್ರವು ನಗೆಯನ್ನು ಹರಡಬಲ್ಲದು. ಅದನ್ನು ಉಳಿಸುವವರು ಮಾತ್ರ ಮನುಷ್ಯರೇ. ಹಿರಿಯರಿಂದ ಕಲಿತು ಕಿರಿಯರ ಮುಂದೆ ಮತ್ತೆ ಆಡಿ ತೋರಿಸುವವರು ಇರುವತನಕ ಹಳೆಯ ಹಾಸ್ಯಕ್ಕೆ ಮುಪ್ಪಿಲ್ಲ.