ಮಾಡಿನ ಹೆಂಚಿಗೂ ಒಂದು ಇಸವಿ

ಬೋಳಾರ ಎಂದರೆ ಸಿನಿಮಾ ಪ್ರಿಯರಿಗೆ ಥಟ್ಟನೆ ಹೊಳೆಯುವ ಹೆಸರು ತುಳು ನಟ ಅರವಿಂದ ಬೋಳಾರ್. ಮಂಗಳೂರಿನಲ್ಲಿ ಮಂಗಳಾದೇವಿ ಗುಡಿಯಿರುವ ಈ ಊರಿಗೆ ಸಿನಿಮಾದೊಂದಿಗೆ ಇನ್ನೊಂದು ನಂಟನ್ನೂ ಹೇಳಬಹುದು. ನೇತ್ರಾವತಿಯ ದಂಡೆಯಲ್ಲಿ ಹೆಂಚಿನ ಕಾರ್ಖಾನೆಗಳು ಬೆಳೆದ ಜಾಗ ಇದು. ಪಕ್ಕದ ಜೆಪ್ಪುವಿನಲ್ಲಿ ಬಾಸೆಲ್ ಮಿಷನ್ 1865ರಲ್ಲಿ ಕಾರ್ಖಾನೆ ತೆರೆದ ಮೇಲಷ್ಟೇ ಮಂಗಳೂರು ಹೆಂಚು ಕರಾವಳಿಯ ಮನೆಗಳ ಮಾಡು ಏರಿತು.

ಈ ಇಸವಿಯನ್ನು ನೆನಪಿಟ್ಟುಕೊಳ್ಳಲೇಬೇಕಾದವರು ಕಲಾ ನಿರ್ದೇಶಕರು. ‘ಕಾಂತಾರ’ದ ಕಥೆ 1847ರಲ್ಲಿ ತೊಡಗಿ 1970 ಮತ್ತು 1990ಕ್ಕೆ ದಾಟುತ್ತದೆ. ಮೊದಲ ಕಾಲಕ್ಕೆ ಮುಳಿಹುಲ್ಲಿನ ಮಾಡು ಸರಿ, ಮಂಗಳೂರು ಹೆಂಚು ತಪ್ಪು. ಕೊನೆಯ ಕಾಲಕ್ಕೆ ಹೆಂಚಿಲ್ಲದಿದ್ದರೆ ಊರೇ ಊರೆನಿಸದು. ಕುಂದಾಪುರದ ಕಡೆಯ ಕೆರಾಡಿಯಲ್ಲಿ ಚಿತ್ರೀಕರಣಗೊಂಡ ಆ ಚಿತ್ರದ ಪ್ರೊಡಕ್ಷನ್ ಡಿಸೈನರ್ ಧರಣಿ ಗಂಗೆಪುತ್ರ. ನಿರ್ದೇಶಕ ರಿಷಬ್ ಶೆಟ್ಟಿಯವರ ಹೆಸರು ಬಲ್ಲ ಎಷ್ಟು ಮಂದಿಗೆ ಇವರ ಹೆಸರು ಗೊತ್ತು?

ಪ್ರೊಡಕ್ಷನ್ ಡಿಸೈನರ್ ಎಂಬ ಪದವಿ ಪ್ರಸಿದ್ಧಿಗೆ ಬಂದದ್ದು 1939ರ ‘ಗಾನ್ ವಿತ್ ದ ವಿಂಡ್’ನಲ್ಲಿ ವಿಲಿಯಂ ಕ್ಯಾಮರಾನ್ ಮೆಂಝೀಸ್ ಮಾಡಿದ ಕೆಲಸದಿಂದ. ಚಿತ್ರಕಥೆ ಓದಿ ಸ್ಕೆಚ್ ಹಾಕುವುದು, ಯಾವುದಕ್ಕೆ ಸೆಟ್, ಯಾವುದಕ್ಕೆ ನಿಜವಾದ ಮನೆ ಎಂದು ತೀರ್ಮಾನಿಸುವುದು, ಛಾಯಾಗ್ರಾಹಕರ ಜೊತೆ ಕೂತು ಬಣ್ಣ ಗೊತ್ತುಮಾಡುವುದು, ಗೋಡೆಯ ಕ್ಯಾಲೆಂಡರಿನಿಂದ ಹಿಡಿದು ನೀರಿನ ಕೊಡದವರೆಗೆ ಪ್ರಾಪರ್ಟಿ ಹೊಂದಿಸುವುದು ಎಲ್ಲವೂ ಕಲಾ ವಿಭಾಗದ್ದೇ ಕೆಲಸ. ಹೊಸ ಪ್ಲೈವುಡ್ಡಿಗೆ ಮಳೆಗಾಲದ ಪಾಚಿ ಹಿಡಿಸುವುದಂತೂ ನನಗೆ ಅತ್ಯಂತ ಅಚ್ಚರಿಯ ಕಲೆ. ನಮ್ಮ ಗೋಡೆಗಳ ಪಾಚಿ ಬುಡದಿಂದ ಹತ್ತುತ್ತದೆ, ಸೂರಿನ ನೀರು ಸಿಡಿಯುವಲ್ಲಿ ದಟ್ಟವಾಗಿರುತ್ತದೆ. ಇದನ್ನು ಕಂಡವರಷ್ಟೇ ಬಳಿಯಬಲ್ಲರು.

ಕನ್ನಡ ನಾಡಿನಲ್ಲಿ ಈ ಕಸುಬಿಗೆ ದೊಡ್ಡ ಪರಂಪರೆಯಿದೆ. ಶಂಕರ್ ನಾಗ್ ಅವರ ‘ಮಾಲ್ಗುಡಿ ಡೇಸ್’ ಧಾರಾವಾಹಿಗಾಗಿ ಆಗುಂಬೆಯನ್ನು ಮಾಲ್ಗುಡಿಯಾಗಿಸಿದವರು ಕಲಾ ನಿರ್ದೇಶಕ ಜಾನ್ ದೇವರಾಜ್. ‘ತಾಯಿ ಸಾಹೇಬ’ (1997) ಚಿತ್ರಕ್ಕೆ ರಮೇಶ್ ದೇಸಾಯಿ ಕಲಾ ನಿರ್ದೇಶನದ ರಾಷ್ಟ್ರಪ್ರಶಸ್ತಿ ಪಡೆದರೆ, ವಸ್ತ್ರವಿನ್ಯಾಸದ ಪ್ರಶಸ್ತಿ ವೈಶಾಲಿ ಕಾಸರವಳ್ಳಿಯವರಿಗೆ ಸಂದಿತು.

1971ರ ‘ಎನ್ನ ತಂಗಡಿ’ಯಿಂದ ಆರಂಭವಾದ ತುಳು ಸಿನಿಮಾ ನಾಟಕದ ಬಲದಲ್ಲೇ ಬೆಳೆದಿದೆ. ಕಲಾ ವಿಭಾಗಕ್ಕೆ ಒದಗಬಲ್ಲ ರಂಗದ ಪರದೆ ಬರೆಯುವವರು, ದಸರಾ ಸ್ತಬ್ಧಚಿತ್ರ ಕಟ್ಟುವವರು, ಯಕ್ಷಗಾನದ ವೇಷಭೂಷಣ ತಯಾರಿಸುವವರು ನಮ್ಮಲ್ಲಿ ಇದ್ದೇ ಇದ್ದಾರೆ. ಚಿತ್ರ ಬಿಡಿಸುವ ಮಕ್ಕಳಿಗೆ ಮಂಗಳೂರಿನ ಮಹಾಲಸಾ, ಮೈಸೂರಿನ ಕಾವಾ ಕಲಾಶಾಲೆಗಳಿವೆ. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಕಲಾ ನಿರ್ದೇಶನಕ್ಕೆಂದೇ ಕೋರ್ಸ್ ಇದೆ.

ತುಳು ನಿರ್ಮಾಪಕರಲ್ಲಿ ನನ್ನದೊಂದು ಕೋರಿಕೆ. ಹಳೆ ಮನೆ ಕೆಡವಿದಾಗ ಬಾಗಿಲು, ಕಿಟಕಿ, ಹೆಂಚುಗಳು ಗುಜರಿಗೆ ಹೋಗುತ್ತಿವೆ. ಎಲ್ಲರೂ ಸೇರಿ ಅವನ್ನು ಕೊಂಡು, ಎಲ್ಲ ಚಿತ್ರತಂಡಗಳಿಗೂ ಬಾಡಿಗೆಗೆ ಸಿಗುವಂಥ ಪ್ರಾಪರ್ಟಿ ಗೋದಾಮೊಂದನ್ನು ಮಂಗಳೂರಿನಲ್ಲಿ ಮಾಡಿ. ಅದನ್ನು ನೋಡಿಕೊಳ್ಳಲು ಕಲಾ ವಿಭಾಗದವರನ್ನೇ ಸಂಬಳಕ್ಕೆ ಇಟ್ಟುಕೊಳ್ಳಿ.